ನಿಧಾನಕ್ಕೆ ಸಂಬಳ ಕೊಟ್ಟವರು: ಯೂರಿ ನಾರ್ಷ್ಟೇನ್ ಮತ್ತು ಅವರ ಅನಿಮೇಷನ್ ಕೆಲಸ



ದತ್ತಿ ಉಪನ್ಯಾಸವೆಂದರೆ ಸಾಮಾನ್ಯವಾಗಿ ಪಂಪ, ಕುಮಾರವ್ಯಾಸ, ಬಹಳವಾದರೆ ಕುವೆಂಪು. ಮೈಸೂರಿನಲ್ಲಿ ನಿಂತು ರಷ್ಯದ ಅನಿಮೇಷನ್ ನಿರ್ದೇಶಕನೊಬ್ಬನ ಬಗ್ಗೆ ಮಾತಾಡುತ್ತೇನೆಂದಾಗ ಸಂಘಟಕರು ತಕರಾರು ತೆಗೆಯಲಿಲ್ಲ, 'ಕಾರ್ಟೂನಿನವರೇ?' ಎಂದಷ್ಟೇ ಕೇಳಿದರು. ಹೌದು, ಕಾರ್ಟೂನಿನವರೇ. ಯೂರಿ ನಾರ್ಷ್ಟೇನ್ ಎಂದು ಹೆಸರು. ಹುಟ್ಟಿದ್ದು 1941ರಲ್ಲಿ. ಅವರೊಬ್ಬರೇ ನಿರ್ದೇಶಿಸಿ ಪೂರ್ತಿ ಮಾಡಿದ ನಾಲ್ಕು ಮುಖ್ಯ ಚಿತ್ರಗಳನ್ನು ಒಂದರ ಹಿಂದೊಂದು ಹಾಕಿದರೆ ಒಂದು ಗಂಟೆಗೆ ಸ್ವಲ್ಪ ಹೆಚ್ಚು ಕಡಿಮೆ. ಐದನೆಯದನ್ನು 1981ರಲ್ಲಿ ಶುರು ಮಾಡಿದರು. ಅದು ಪೂರ್ತಿಯಾಗಿ ತೆರೆಗೆ ಬರಲೇ ಇಲ್ಲ. ಇಷ್ಟು ಕಡಿಮೆ ಕೆಲಸ ಮಾಡಿದವರನ್ನು ಲೋಕದ ಅನಿಮೇಷನ್ ಕಲಾವಿದರು ತಮ್ಮ ಪೈಕಿ ಎಲ್ಲರಿಗಿಂತ ದೊಡ್ಡವರೆಂದು ಒಂದಲ್ಲ, ಹಲವು ಸಲ ಮತ ಹಾಕಿ ಹೇಳಿದ್ದಾರೆ.

ಅವರ ಹಿರಿಮೆಯನ್ನು ಹೊಗಳುವುದು ಸುಲಭ. ಹೊಗಳಿಕೆ ಬೇಕಾದಷ್ಟು ಆಗಿದೆ ಕೂಡ. ನನಗೆ ಕುತೂಹಲವಿರುವುದು ಬೇರೊಂದು ಲೆಕ್ಕದಲ್ಲಿ. ಇಷ್ಟು ನಿಧಾನವಾಗಿ ಕೆಲಸ ಮಾಡುವವರಿಗೆ ಅಷ್ಟು ವರ್ಷ ಸಂಬಳ ಕೊಟ್ಟವರು ಯಾರು, ಯಾಕೆ ಕೊಟ್ಟರು, ಯಾವಾಗ ನಿಲ್ಲಿಸಿದರು? ಅರಮನೆಯ ಊರಿನವರಾದ ನಮಗೆ ಈ ಪ್ರಶ್ನೆ ಹೊಸದಲ್ಲ. ವೀಣೆ ಶೇಷಣ್ಣನವರ ಬಗ್ಗೆ ಮಾತಾಡುವಾಗ ನಾವು ದೊರೆಗಳ ಹೆಸರನ್ನು ತಪ್ಪದೆ ಎತ್ತುತ್ತೇವೆ. ಸಿನಿಮಾದವರ ಬಗ್ಗೆ ಮಾತಾಡುವಾಗ ಮಾತ್ರ ಪ್ರತಿಭೆ, ತಪಸ್ಸು ಎಂದು ಹೇಳಿ ಹಣದ ವಿಷಯವನ್ನು ಚಾಪೆಯಡಿ ಸರಿಸಿಬಿಡುತ್ತೇವೆ.

ಮೊದಲು ಹಿನ್ನೆಲೆ. ಯುದ್ಧದ ಕಾಲ. ಮಾಸ್ಕೋದಿಂದ ಜನರನ್ನು ದೂರದ ಊರುಗಳಿಗೆ ಸಾಗಿಸಿದ್ದರು. ಹಾಗಾಗಿ ಈ ಯಹೂದಿ ಕುಟುಂಬದ ಹುಡುಗ ಹುಟ್ಟಿದ್ದು ಪೆಂಜಾ ಪ್ರಾಂತ್ಯದ ಅಂದ್ರೇಯೆವ್ಕಾ ಎಂಬ ಹಳ್ಳಿಯಲ್ಲಿ. ಬೆಳೆದದ್ದು ಮಾಸ್ಕೋದ ಮಾರಿನಾ ರೋಶ್ಚಾ ಎಂಬ ಬಡಾವಣೆಯಲ್ಲಿ. ಮರದ ಹಳೆಯ ಮನೆಗಳು, ಒಂದೇ ಅಂಗಳ, ಹಲವು ಸಂಸಾರ. ನಮ್ಮ ಅಗ್ರಹಾರದ ಕಡೆಯ ವಠಾರಗಳನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ತಂದೆ ಮರಗೆಲಸದ ಯಂತ್ರಗಳ ಮೆಕ್ಯಾನಿಕ್, ಮಗ ಹದಿಹರೆಯದಲ್ಲಿದ್ದಾಗಲೇ ತೀರಿಕೊಂಡರು. ಹುಡುಗ ಚಿತ್ರ ಬರೆಯುತ್ತಿದ್ದ, ಚಿತ್ರಕಲೆಯ ಉನ್ನತ ಸಂಸ್ಥೆಗಳಿಗೆ ಅರ್ಜಿ ಹಾಕಿದ, ತೆಗೆದುಕೊಳ್ಳಲಿಲ್ಲ. ಪೀಠೋಪಕರಣದ ಕಾರ್ಖಾನೆಗೆ ಕೆಲಸಕ್ಕೆ ಹೋದ.

ಮೈಸೂರಿನವರಿಗೆ ಇಲ್ಲಿ ಆರ್. ಕೆ. ಲಕ್ಷ್ಮಣ್ ನೆನಪಾಗಬೇಕು. ಮುಂಬಯಿಯ ಜೆ. ಜೆ. ಕಲಾಶಾಲೆ ಅವರ ಅರ್ಜಿಯನ್ನು ತಿರಸ್ಕರಿಸಿತ್ತು. ಆಮೇಲೆ ಅವರು ಮಹಾರಾಜ ಕಾಲೇಜಿನಲ್ಲಿ ಬಿ.ಎ. ಓದಿದರು, ರಾಶಿಯವರ ಹಾಸ್ಯಪತ್ರಿಕೆ 'ಕೊರವಂಜಿ'ಗೆ ಚಿತ್ರ ಬರೆದರು, ಒಂದು ಬೇಸಿಗೆಯಲ್ಲಿ ಮದರಾಸಿನ ಜೆಮಿನಿ ಸ್ಟುಡಿಯೋಗೆ ಹೋಗಿ ನಾರದನ ಅನಿಮೇಷನ್ ಚಿತ್ರಕ್ಕೂ ಕೈಹಾಕಿದರು. ಆ ದಾರಿ ಮುಂದುವರಿಯಲಿಲ್ಲ, ದಿನಪತ್ರಿಕೆ ಅವರನ್ನು ಎಳೆದುಕೊಂಡಿತು. ದಿನಪತ್ರಿಕೆಯವರಿಗೆ ಸಂಜೆಯ ಹೊತ್ತಿಗೆ ಚಿತ್ರ ಬೇಕೇ ಬೇಕು. ನಾರ್ಷ್ಟೇನ್ ಸೇರಿದ ಜಾಗದಲ್ಲಿ ಸಂಜೆಯ ಗಡುವು ಇರಲಿಲ್ಲ. ಇಬ್ಬರ ಕೈಗಳೂ ದೊಡ್ಡವೇ. ದುಡಿಸಿಕೊಂಡ ಗಡಿಯಾರಗಳು ಬೇರೆ.

ಅವರು ಸೇರಿದ ಜಾಗ ಸೊಯುಜ್‌ಮುಲ್ತ್‌ಫಿಲ್ಮ್. 1936ರಲ್ಲಿ ಮಾಸ್ಕೋದಲ್ಲಿ ಶುರುವಾದ ಸರ್ಕಾರಿ ಅನಿಮೇಷನ್ ಸ್ಟುಡಿಯೋ. ಆರಂಭದಲ್ಲಿ ಡಿಸ್ನಿಯವರ ಅನುಕರಣೆ ಅಲ್ಲಿ ಜೋರಾಗಿತ್ತು. ಆಮೇಲೆ ತಮ್ಮದೇ ಹಾದಿ ಹುಡುಕಿಕೊಂಡರು. ಆ ಹಾದಿ ನಮ್ಮ ಕಡೆಗೂ ಬಂದು ಹೋಗಿದೆ ಎನ್ನುವುದು ತಮಾಷೆಯ ಸಂಗತಿ. 1954ರಲ್ಲಿ ಲೆವ್ ಅತಮಾನೊವ್ ಅವರು 'ಬಂಗಾರದ ಜಿಂಕೆ' ಎಂಬ ಚಿತ್ರ ಮಾಡಿದರು. ಗೊರಸು ಬಡಿದರೆ ಚಿನ್ನದ ನಾಣ್ಯ ಉದುರಿಸುವ ಜಿಂಕೆ, ಬಡ ಹುಡುಗ, ದುರಾಸೆಯ ರಾಜ, ಹೀಗೆ ಭಾರತದ ಜನಪದ ಕಥೆಗಳಿಂದ ಕಟ್ಟಿದ್ದು. 1967ರಿಂದ 1971ರವರೆಗೆ ರೋಮನ್ ದವಿದೊವ್ ಕಿಪ್ಲಿಂಗರ ಮೌಗ್ಲಿಯನ್ನು ಐದು ಭಾಗಗಳಲ್ಲಿ ತೆಗೆದರು. ಮೌಗ್ಲಿ ಎಂದ ಮೇಲೆ ನಮ್ಮ ಸಾಬು ನೆನಪಾಗದೆ ಇರುತ್ತಾನೆಯೇ? ಕಬಿನಿಯ ಕಾರಾಪುರದಲ್ಲಿ ಮಾವುತನ ಮಗನಾಗಿ ಹುಟ್ಟಿದವನು, ರಾಬರ್ಟ್ ಫ್ಲಾಹರ್ಟಿ ಮೈಸೂರು ಸೀಮೆಯಲ್ಲಿ ಚಿತ್ರೀಕರಿಸಿದ 'ಎಲಿಫೆಂಟ್ ಬಾಯ್'ನಿಂದ 1937ರಲ್ಲಿ ಲೋಕಕ್ಕೆ ಪರಿಚಯವಾದವನು, 1942ರಲ್ಲಿ ಹಾಲಿವುಡ್ಡಿನ ಮೌಗ್ಲಿ ಆದವನು. ನಮ್ಮ ಕಾಡು ಕ್ಯಾಲಿಫೋರ್ನಿಯಕ್ಕೂ ಹೋಯಿತು, ಮಾಸ್ಕೋದ ಮೇಜಿನ ಮೇಲಕ್ಕೂ ಹೋಯಿತು. ಇಷ್ಟು ಹೇಳಿ ವಿಷಯಕ್ಕೆ ಮರಳುತ್ತೇನೆ.

ನಾರ್ಷ್ಟೇನ್ ಸ್ಟುಡಿಯೋದ ಎರಡು ವರ್ಷಗಳ ತರಬೇತಿ ಮುಗಿಸಿ 1961ರಲ್ಲಿ ಕೆಲಸಕ್ಕೆ ಸೇರಿದರು. ಮುಂದಿನ ಹತ್ತು ಹನ್ನೆರಡು ವರ್ಷ ಬಹುಪಾಲು ಬೇರೆಯವರ ಚಿತ್ರಗಳಲ್ಲಿ ಗೊಂಬೆ ಆಡಿಸಿದರು. ರೋಮನ್ ಕಚಾನೊವ್ ಅವರ 'ಕೈಗವಸು' ಚಿತ್ರದಲ್ಲಿ, ರಷ್ಯದ ಮಕ್ಕಳು ಇಂದಿಗೂ ಬಿಡದ ಚೆಬುರಾಶ್ಕಾ ಎಂಬ ದೊಡ್ಡಕಿವಿಯ ಗೊಂಬೆಯ ಚಿತ್ರದಲ್ಲಿ, ಹೀಗೆ ಹತ್ತಾರು ಚಿತ್ರಗಳಲ್ಲಿ ಅವರ ಕೈಯಿದೆ. ಅವರ ಬಗೆಗಿನ ಬರಹಗಳು ಈ ವರ್ಷಗಳನ್ನು ಒಂದು ಸಾಲಿನಲ್ಲಿ ದಾಟಿಬಿಡುತ್ತವೆ. ನನ್ನ ಲೆಕ್ಕದಲ್ಲಿ ಇವೇ ಬಂಡವಾಳ. ತಿಂಗಳ ಸಂಬಳದ ಮೇಲೆ ಹತ್ತು ವರ್ಷ ಇನ್ನೊಬ್ಬರ ಗೊಂಬೆಯನ್ನು ಆಡಿಸುವ ಅವಕಾಶ ಇವತ್ತು ಬೆಂಗಳೂರಿನ ಅನಿಮೇಷನ್ ಕಂಪನಿಯೊಂದರಲ್ಲಿ ದುಡಿಯುವ ಹುಡುಗನಿಗೂ ಇದೆ ಎನ್ನಬಹುದು. ಆದರೆ ಅವನಿಗೆ ಸಿಗುವುದು ಹೊರದೇಶದ ಸರಣಿಯ ಒಂದು ತುಣುಕು, ಗಡುವು, ಮತ್ತೊಂದು ತುಣುಕು. ನಾರ್ಷ್ಟೇನ್‌ಗೆ ಸಿಕ್ಕಿದ್ದು ಇವಾನ್ ಇವಾನೊವ್‌ವಾನೊ ಅವರಂಥ ಹಿರಿಯರ ಪಕ್ಕದ ಕುರ್ಚಿ. ಆ ಹಿರಿಯರೊಂದಿಗೆ ಜಂಟಿಯಾಗಿ 1971ರಲ್ಲಿ 'ಕೆರ್ಜೆನೆತ್ಸ್ ಕಾಳಗ' ಮಾಡಿದರು. ರಷ್ಯದ ಹಳೆಯ ಚರ್ಚುಗಳ ಭಿತ್ತಿಚಿತ್ರಗಳೂ ಪವಿತ್ರಪಟಗಳೂ ರಿಮ್ಸ್ಕಿಕೋರ್ಸಕೊವ್ ಅವರ ಸಂಗೀತಕ್ಕೆ ಎದ್ದು ನಡೆಯುತ್ತವೆ, ಯುದ್ಧ ಮಾಡುತ್ತವೆ.

ಅದಕ್ಕೂ ಮುಂಚೆ, 1968ರಲ್ಲಿ, ಅರ್ಕಾದಿ ತ್ಯೂರಿನ್ ಎಂಬುವರ ಜೊತೆ ಅವರ ಮೊದಲ ಚಿತ್ರ ಬಂದಿತ್ತು. ವಿಷಯ ಅಕ್ಟೋಬರ್ ಕ್ರಾಂತಿಯ ಮೊದಲ ದಿನ, ಬಳಸಿಕೊಂಡದ್ದು ಕ್ರಾಂತಿಯ ಆಸುಪಾಸಿನ ಹೊಸಬಗೆಯ ಚಿತ್ರಕಲೆ. ಆ ಕಲೆಯನ್ನು ಸರ್ಕಾರವೇ ಆಮೇಲೆ ಮೂಲೆಗೆ ತಳ್ಳಿತ್ತು. ಚಿತ್ರದ ಕೊನೆಯ ಭಾಗವನ್ನು ಮೇಲಿನವರ ಒತ್ತಾಯಕ್ಕೆ ಬದಲಿಸಬೇಕಾಯಿತು. ಸಂಬಳದ ಜೊತೆ ಬರುವ ಕತ್ತರಿಯ ಪರಿಚಯ ಅವರಿಗೆ ಮೊದಲ ಹೆಜ್ಜೆಯಲ್ಲೇ ಆಯಿತು.

ಆಮೇಲೆ ಒಂದರ ಹಿಂದೊಂದು ಮೂರು ಚಿತ್ರ. 1973ರ 'ನರಿ ಮತ್ತು ಮೊಲ' ಗೊರೊದೆತ್ಸ್ ಎಂಬ ಊರಿನ ಜನಪದ ಮರಚಿತ್ರಗಳ ಶೈಲಿಯಲ್ಲಿದೆ. 1974ರ 'ಬಕ ಮತ್ತು ಕೊಕ್ಕರೆ'ಯಲ್ಲಿ ಇಬ್ಬರು ಒಬ್ಬರನ್ನೊಬ್ಬರು ಮದುವೆಗೆ ಕೇಳುತ್ತಾರೆ, ಒಬ್ಬರನ್ನೊಬ್ಬರು ನಿರಾಕರಿಸುತ್ತಾರೆ, ಮತ್ತೆ ಪಶ್ಚಾತ್ತಾಪಪಟ್ಟು ಕೇಳಲು ಹೋಗುತ್ತಾರೆ. ಪಾಳುಬಿದ್ದ ಮಂಟಪ, ಮಳೆ, ಜಪಾನಿನ ಹಳೆಯ ಅಚ್ಚುಚಿತ್ರಗಳ ನೆರಳು. ಮೊಂಡುತನವನ್ನು ಇಷ್ಟು ಚೆನ್ನಾಗಿ ತೋರಿಸಿದ ಹತ್ತು ನಿಮಿಷ ನನಗೆ ಬೇರೆ ಗೊತ್ತಿಲ್ಲ. ಮೂರನೆಯದು 1975ರದು, ಮಂಜಿನಲ್ಲಿ ದಾರಿ ತಪ್ಪುವ ಮುಳ್ಳಿಲಿಯ ಕಥೆ. ಇದನ್ನು ಸ್ವಲ್ಪ ಹತ್ತಿರದಿಂದ ನೋಡೋಣ.

ಕಥೆ ಬರೆದವರು ಸೆರ್ಗೇಯ್ ಕೊಜ್ಲೊವ್. ಅಂಗೈಯಷ್ಟು ದೊಡ್ಡದಾದ, ಬೆನ್ನ ತುಂಬ ಮುಳ್ಳಿರುವ ಒಂದು ಪ್ರಾಣಿ ದಿನಾ ಸಂಜೆ ಗೆಳೆಯ ಕರಡಿಮರಿಯ ಮನೆಗೆ ಹೋಗುತ್ತದೆ. ಚಹಾ ಕುಡಿದು ಇಬ್ಬರೂ ನಕ್ಷತ್ರ ಎಣಿಸುತ್ತಾರೆ. ಅಂದು ಕೈಯಲ್ಲಿ ಹಣ್ಣಿನ ಜಾಮಿನ ಪುಟ್ಟ ಗಂಟು. ದಾರಿಯಲ್ಲಿ ಮಂಜು, ಮಂಜಿನ ನಡುವೆ ಒಂದು ಬಿಳಿ ಕುದುರೆ. ಕುದುರೆ ಮಲಗಿದರೆ ಮಂಜಿನಲ್ಲಿ ಮುಳುಗಿಹೋಗುತ್ತದೆಯೇ ಎಂಬ ಅನುಮಾನಕ್ಕೆ ಮುಳ್ಳಿಲಿ ಕೆಳಗಿಳಿಯುತ್ತದೆ. ಎಲೆ ಬೀಳುತ್ತದೆ, ಬಸವನಹುಳು ಹರಿಯುತ್ತದೆ, ಬಾವಲಿ, ಗೂಬೆ, ತುದಿ ಕಾಣದ ಒಂದು ಮರ. ಗಂಟು ಕಳೆಯುತ್ತದೆ, ನಾಯಿಯೊಂದು ಅದನ್ನು ತಂದುಕೊಡುತ್ತದೆ. ಹೊಳೆಗೆ ಬಿದ್ದಾಗ ನೀರಿನೊಳಗಿನ ಯಾರೋ ಬೆನ್ನ ಮೇಲೆ ಹೊತ್ತು ದಡಕ್ಕೆ ಬಿಡುತ್ತಾರೆ. ಆ ಯಾರೋ ಯಾರೆಂದು ಚಿತ್ರ ಹೇಳುವುದಿಲ್ಲ. ಕರಡಿಮರಿ ಗಾಬರಿಯಲ್ಲಿ ಒಂದೇ ಸಮನೆ ಗೊಣಗುತ್ತದೆ. ಮುಳ್ಳಿಲಿ ಪಕ್ಕದಲ್ಲಿ ಕೂತು ಆ ಕುದುರೆ ಈಗ ಹೇಗಿದೆಯೋ ಎಂದುಕೊಳ್ಳುತ್ತದೆ. ಕಥೆ ಅಷ್ಟೇ.

ಇದನ್ನು ಮಾಡಿದ ಬಗೆ ಹೀಗೆ. ಒಂದು ಮೇಜಿನ ಮೇಲೆ ಗಾಜಿನ ಹಲಗೆಗಳನ್ನು ಒಂದರ ಮೇಲೊಂದು, ನಡುವೆ 25ರಿಂದ 30 ಸೆಂಟಿಮೀಟರ್ ಅಂತರ ಬಿಟ್ಟು ಜೋಡಿಸುತ್ತಾರೆ. ಕ್ಯಾಮೆರಾ ಮೇಲಿನಿಂದ ನೆಟ್ಟಗೆ ಕೆಳಗೆ ನೋಡುತ್ತದೆ. ತಳದ ಗಾಜಿನಲ್ಲಿ ಹಿನ್ನೆಲೆ, ನಡುವಿನದರಲ್ಲಿ ಪಾತ್ರ, ಮೇಲಿನದರಲ್ಲಿ ಹತ್ತಿರದ ಕೊಂಬೆ. ಗಾಜನ್ನು ಪಕ್ಕಕ್ಕೂ ಸರಿಸಬಹುದು, ಕ್ಯಾಮೆರಾದತ್ತಲೂ ಎತ್ತಬಹುದು. ಚಪ್ಪಟೆ ಕಾಗದಕ್ಕೆ ಆಳ ಬರುವುದು ಹೀಗೆ. ಮುಳ್ಳಿಲಿ ಒಂದು ಚಿತ್ರವಲ್ಲ, ತಲೆ, ಕಣ್ಣು, ಕೈ, ಕಾಲು ಎಂದು ಬಣ್ಣ ಬಳಿದ ಸಣ್ಣ ಸಣ್ಣ ಚೂರುಗಳು. ಚಿಮಟದಲ್ಲಿ ಚೂರನ್ನು ಕೂದಲೆಳೆಯಷ್ಟು ಸರಿಸಬೇಕು, ಒಂದು ಚೌಕಟ್ಟು ತೆಗೆಯಬೇಕು, ಮತ್ತೆ ಸರಿಸಬೇಕು. ಸೆಕೆಂಡಿಗೆ 24 ಚೌಕಟ್ಟು. ಹತ್ತೂವರೆ ನಿಮಿಷದ ಚಿತ್ರ ಎಂದರೆ ಸುಮಾರು 15,000. ಮಂಜು ಹೇಗೆ ಬಂತೆಂದು ಹೊರದೇಶದವರೆಲ್ಲ ಕೇಳುತ್ತಿದ್ದರು. ಉತ್ತರ ಕೇಳಿದರೆ ನಿರಾಸೆಯಾದೀತು. ಬಹು ತೆಳುವಾದ ಒಂದು ಹಾಳೆಯನ್ನು ದೃಶ್ಯದ ಮೇಲೆ ಹಾಸಿ, ಚೌಕಟ್ಟಿಗೆ ಇಷ್ಟಿಷ್ಟೇ ಎಂದು ಅದನ್ನು ಕ್ಯಾಮೆರಾದ ಕಡೆಗೆ ಎತ್ತುತ್ತ ಹೋದರು. ಹಾಳೆ ಮೇಲೇರಿದಂತೆ ಕೆಳಗಿರುವುದೆಲ್ಲ ಬಿಳಿಯಾಗಿ ಕರಗುತ್ತದೆ. ಹೊಳೆಯ ನೀರು ಮಾತ್ರ ನಿಜವಾದ ನೀರು.

ಮಾನಸಗಂಗೋತ್ರಿಯ ಜಯಲಕ್ಷ್ಮೀ ವಿಲಾಸದ ಜಾನಪದ ವಸ್ತುಸಂಗ್ರಹಾಲಯದಲ್ಲಿ ತೊಗಲುಗೊಂಬೆಗಳಿವೆ. ನಿಮ್ಮಲ್ಲಿ ಬಹಳ ಜನ ನೋಡಿರುತ್ತೀರಿ. ಕಿಳ್ಳೇಕ್ಯಾತರ ಆ ಗೊಂಬೆಯಲ್ಲಿ ಕೈಕಾಲಿನ ಕೀಲನ್ನು ದಾರದಲ್ಲಿ ಬಿಗಿದಿರುತ್ತಾರೆ, ಬೆಳಕು ಹಿಂದಿನಿಂದ ಬಂದು ತೊಗಲಿನ ರಂಧ್ರಗಳಲ್ಲಿ ತೂರುತ್ತದೆ, ಆಡಿಸುವವನ ಕೈ ಮತ್ತು ಹಾಡುವವನ ಕಂಠ ಆ ಕ್ಷಣಕ್ಕೆ ಒಟ್ಟಿಗೆ ಓಡಬೇಕು. ನಾರ್ಷ್ಟೇನರ ಚೂರುಗಳಿಗೆ ಬಹುಮಟ್ಟಿಗೆ ಕೀಲೂ ಇಲ್ಲ, ದಾರವೂ ಇಲ್ಲ, ಗಾಜಿನ ಮೇಲೆ ಬಿಡಿಬಿಡಿಯಾಗಿ ಮಲಗಿರುತ್ತವೆ. ಜೋರಾಗಿ ಕೆಮ್ಮಿದರೂ ಮುಖ ಕೆಡುತ್ತದೆ. ಎರಡೂ ಕತ್ತರಿಸಿದ ಆಕೃತಿಗಳ ಕಲೆಯೇ, ಆದರೆ ಒಂದರಲ್ಲಿ ರಾತ್ರಿ ಬೆಳಗಾಗುವುದರೊಳಗೆ ಇಡೀ ರಾಮಾಯಣದ ಪ್ರಸಂಗ ಮುಗಿಯಬೇಕು, ಇನ್ನೊಂದರಲ್ಲಿ ಇಡೀ ದಿನ ಕಳೆದರೂ ಮುಳ್ಳಿಲಿ ನಾಲ್ಕು ಹೆಜ್ಜೆ ದಾಟಿರುವುದಿಲ್ಲ. ಕಾವಾ ಕಲಾಶಾಲೆಯ ವಿದ್ಯಾರ್ಥಿಗಳು ಇಲ್ಲಿದ್ದೀರಿ. ನಿಮ್ಮ ಸಂಸ್ಥೆಯ ರೂಪುರೇಷೆಯ ಹಿಂದೆ ಸ್ವೆತೊಸ್ಲಾವ್ ರೋರಿಕ್ ಎಂಬ ರಷ್ಯನ್ ಕಲಾವಿದರ ಮಾರ್ಗದರ್ಶನವಿತ್ತೆಂಬುದು ನಿಮಗೆ ಗೊತ್ತೇ ಇದೆ. ಇನ್ನೊಬ್ಬ ರಷ್ಯನ್ನರ ಮೇಜನ್ನು ಅರ್ಥ ಮಾಡಿಕೊಳ್ಳಬೇಕಾದರೆ ಆ ವಸ್ತುಸಂಗ್ರಹಾಲಯಕ್ಕೆ ಒಮ್ಮೆ ಹೋಗಿ ಗೊಂಬೆಯ ಭುಜದ ಕೀಲನ್ನು ನೋಡಿ ಬನ್ನಿ.

ಒಬ್ಬರ ಹೆಸರನ್ನು ಇಷ್ಟು ಹೊತ್ತು ಹೇಳದೆ ಉಳಿಸಿದ್ದೆ. ಆ ಚೂರುಗಳಿಗೆ ಬಣ್ಣ ಬಳಿದವರು, ಮುಳ್ಳಿಲಿಯ ಮುಖವನ್ನು ಕಂಡುಹಿಡಿದವರು ಫ್ರಾಂಚೆಸ್ಕಾ ಯಾರ್ಬುಸೊವಾ. ನಾರ್ಷ್ಟೇನರ ಪತ್ನಿ, ಅವರ ಚಿತ್ರಗಳ ಕಲಾವಿದೆ. ಹಾಳೆಗಟ್ಟಲೆ ಮುಳ್ಳಿಲಿಗಳನ್ನು ಬರೆದು, ಯಾವುದೂ ಒಪ್ಪಿಗೆಯಾಗದೆ, ಜಗಳವಾಗಿ, ಕೊನೆಗೊಂದು ಸರಿಯಾಗಿ ಬಂತು. ಕ್ಯಾಮೆರಾ ಹಿಡಿದವರು ಅಲೆಕ್ಸಾಂದರ್ ಜುಕೋವ್ಸ್ಕಿ, ಸಂಗೀತ ಮಿಖಾಯಿಲ್ ಮೆಯೆರೊವಿಚ್ ಅವರದು. 'ನಾರ್ಷ್ಟೇನರ ಚಿತ್ರ' ಎಂದಾಗಲೆಲ್ಲ ಈ ಮೂವರನ್ನೂ ಸೇರಿಸಿಕೊಳ್ಳಬೇಕು, ವಿಶೇಷವಾಗಿ ಯಾರ್ಬುಸೊವಾ ಅವರನ್ನು. ಗಂಡನ ಹೆಸರಿನೊಳಗೆ ಹೆಂಡತಿಯ ಕೆಲಸ ಅಡಗಿಹೋಗುವುದು ರಷ್ಯದ ವಿಶೇಷವೇನಲ್ಲ.

ಈಗ 'ಕಥೆಗಳ ಕಥೆ'. 1979ರದು, 29 ನಿಮಿಷ. ಚಿತ್ರಕಥೆಯನ್ನು ನಾರ್ಷ್ಟೇನರ ಜೊತೆ ಬರೆದವರು ಲ್ಯುದ್ಮಿಲಾ ಪೆತ್ರುಶೆವ್ಸ್ಕಯಾ. ಆ ಹೊತ್ತಿಗೆ ಪತ್ರಿಕೆಗಳು ಅವರ ಕಥೆಗಳನ್ನು ಅಚ್ಚು ಹಾಕಲು ಹಿಂಜರಿಯುತ್ತಿದ್ದವು. ರಷ್ಯದ ತಾಯಂದಿರ ಒಂದು ಲಾಲಿ ಇದೆ: ಮಂಚದ ಅಂಚಿಗೆ ಮಲಗಬೇಡ, ಬೂದು ತೋಳ ಬಂದು ಕಚ್ಚುತ್ತದೆ ಎಂಬ ಅರ್ಥದ್ದು. ಆ ತೋಳವೇ ಇಲ್ಲಿ ನಾಯಕ. ಕೆಡವಲಿರುವ ಹಳೆಯ ಮನೆಯಲ್ಲಿ ಒಂಟಿಯಾಗಿ ಉಳಿದ ತೋಳದ ಮರಿ. ಅದು ಬೆಂಕಿ ಹಾಕಿ ಆಲೂಗಡ್ಡೆ ಸುಟ್ಟುಕೊಂಡು, ಊದಿ ಊದಿ ತಿನ್ನುತ್ತದೆ. ಅದರ ಕಣ್ಣು ಹುಡುಕುತ್ತಿದ್ದಾಗ ಅವರಿಗೆ ಸಿಕ್ಕಿದ್ದು ಪತ್ರಿಕೆಯೊಂದರಿಂದ ಬಂದ, ಮುದುರಿದ ಒಂದು ಛಾಯಾಚಿತ್ರ: ನೀರಿನಿಂದ ಎತ್ತಿದ, ತೊಯ್ದು ತೊಪ್ಪೆಯಾದ ಬೆಕ್ಕಿನ ಮರಿ. ಬದುಕಿ ಉಳಿದ ಪ್ರಾಣಿಯ ಆ ನೋಟವನ್ನು ತೋಳಕ್ಕೆ ಕೊಟ್ಟರು.

ಮನೆ ಮಾರಿನಾ ರೋಶ್ಚಾದ್ದು, ಅವರು ಬೆಳೆದ ಬಡಾವಣೆಯದು. ಆ ಬಡಾವಣೆಯನ್ನು ಕೆಡವಿ ಬಹುಮಹಡಿ ಕಟ್ಟಡ ಎಬ್ಬಿಸಿದ್ದರು. ಚಿತ್ರದಲ್ಲಿ ಒಂದು ನೃತ್ಯವಿದೆ. ಬೀದಿದೀಪದ ಕೆಳಗೆ ಟ್ಯಾಂಗೋ ಹಾಡಿಗೆ ಜೋಡಿಗಳು ಕುಣಿಯುತ್ತಿರುತ್ತವೆ. ಹಾಡು ತಟ್ಟನೆ ತಡವರಿಸುತ್ತದೆ, ಒಬ್ಬ ಗಂಡಸು ಮಾಯ. ಮತ್ತೆ ತಡವರಿಸುತ್ತದೆ, ಇನ್ನೊಬ್ಬ. ಹೆಂಗಸರ ತೋಳು ಮಾತ್ರ ಗಾಳಿಯನ್ನು ಹಿಡಿದು ನಿಂತಿರುತ್ತದೆ. ಸೈನ್ಯ ನಡೆದುಹೋಗುತ್ತದೆ, ಆಮೇಲೆ ಕಾಗದಗಳು ಹಾರಿ ಬರುತ್ತವೆ. ಎರಡನೇ ಮಹಾಯುದ್ಧದ ಬಗ್ಗೆ ಸೋವಿಯತ್ ಸಿನಿಮಾ ಗಂಟೆಗಟ್ಟಲೆ ಫಿರಂಗಿ ಹಾರಿಸಿದೆ. ಈ ಎರಡು ಮೂರು ನಿಮಿಷದಲ್ಲಿ ಒಂದು ಗುಂಡಿನ ಸದ್ದೂ ಇಲ್ಲ. ನಡುನಡುವೆ ಬೇರೊಂದು ಲೋಕ ಬಂದುಹೋಗುತ್ತದೆ. ಕಡಲ ದಂಡೆ, ಕವಿ, ಮಗು, ಗೂಳಿಯ ಜೊತೆ ಹಗ್ಗದಾಟ ಆಡುವ ಹುಡುಗಿ. ಪಿಕಾಸೊನ ರೇಖೆಗಳನ್ನು ನೋಡಿದವರಿಗೆ ಅದರ ಮೂಲ ಗೊತ್ತಾಗುತ್ತದೆ. ತೋಳ ಕವಿಯ ಹಾಳೆಯನ್ನು ಕದ್ದು ಓಡುತ್ತದೆ. ಓಡುತ್ತ ಓಡುತ್ತ ಕೈಯಲ್ಲಿನ ಹಾಳೆ ಅಳುವ ಕೂಸಾಗುತ್ತದೆ. ಗಾಬರಿಗೊಂಡ ತೋಳ ತನ್ನ ಮೇಲಿನ ಲಾಲಿಯನ್ನು ತಾನೇ ಹಾಡಿ ಕೂಸನ್ನು ಮಲಗಿಸುತ್ತದೆ.

ಈ ಊರಿನಲ್ಲಿ ಆ ಚಿತ್ರವನ್ನು ತೋರಿಸಿದರೆ ನಮ್ಮದೇ ಒಂದು ಪಟ್ಟಿ ಕಣ್ಣ ಮುಂದೆ ಬರುತ್ತದೆ. 2012ರಲ್ಲಿ ಲ್ಯಾನ್ಸ್‌ಡೌನ್ ಕಟ್ಟಡದ ಒಂದು ಭಾಗ ಕುಸಿದು ಜೀವಹಾನಿಯಾಯಿತು, ಅಲ್ಲಿದ್ದ ಹಳೆ ಪುಸ್ತಕದ ಅಂಗಡಿಗಳು ಚದುರಿದವು. 2016ರಲ್ಲಿ ದೇವರಾಜ ಮಾರುಕಟ್ಟೆಯ ಒಂದು ಭಾಗ ಬಿತ್ತು. ನಾವು ಮನವಿ ಬರೆಯುತ್ತೇವೆ, ಕೋರ್ಟಿಗೆ ಹೋಗುತ್ತೇವೆ, ಸಮಿತಿ ರಚಿಸುತ್ತೇವೆ. ಅವೆಲ್ಲ ಬೇಕಾದ್ದೇ. ಬಿದ್ದ ಮನೆಯೊಂದನ್ನು 29 ನಿಮಿಷ ನಿಲ್ಲಿಸಿಟ್ಟ ಕೆಲಸ ಮಾತ್ರ ನಮ್ಮಲ್ಲಿ ಇನ್ನೂ ಆಗಿಲ್ಲ.

ಅಧಿಕಾರಿಗಳಿಗೆ ಈ ಚಿತ್ರ ಹಿಡಿಸಲಿಲ್ಲ. ಒಪ್ಪಿಗೆ ಕೊಟ್ಟ ಚಿತ್ರಕಥೆಯೇ ಬೇರೆ, ಬಂದ ಚಿತ್ರವೇ ಬೇರೆ. ಲಾಲಿಯ ತೋಳದ ಹೆಸರಿದ್ದ ಮೊದಲಿನ ಶೀರ್ಷಿಕೆಯನ್ನು ಬದಲಿಸಬೇಕಾಯಿತು. 'ಕಥೆಗಳ ಕಥೆ' ಎಂಬ ಹೆಸರು ಬಂದದ್ದು ತುರ್ಕಿಯ ಕವಿ ನಾಜಿಮ್ ಹಿಕ್ಮೆತ್ ಅವರ ಒಂದು ಕವಿತೆಯಿಂದ. ಅದೇ 1979ರಲ್ಲಿ ನಾರ್ಷ್ಟೇನರ ಹಿಂದಿನ ಮೂರು ಚಿತ್ರಗಳಿಗೆ ಸೋವಿಯತ್ ರಾಜ್ಯ ಪ್ರಶಸ್ತಿ ಬಂತು. ಸರ್ಕಾರವೇ ಸನ್ಮಾನ ಮಾಡಿದವರ ಚಿತ್ರವನ್ನು ಬೀರುವಿನಲ್ಲಿಟ್ಟು ಬೀಗ ಹಾಕುವುದು ಯಾವ ಅಧಿಕಾರಿಗಾದರೂ ಮುಜುಗರವೇ. ಚಿತ್ರ ಹೊರಬಂತು, 1980ರಲ್ಲಿ ಜಾಗ್ರೆಬ್ ಉತ್ಸವದ ದೊಡ್ಡ ಬಹುಮಾನ ಪಡೆಯಿತು. 1984ರಲ್ಲಿ ಲಾಸ್ ಏಂಜಲೀಸ್‌ನಲ್ಲಿ ಅನಿಮೇಷನ್ ಪರಿಣತರು ಸಾರ್ವಕಾಲಿಕ ಶ್ರೇಷ್ಠ ಚಿತ್ರವೆಂದು ಅದನ್ನೇ ಆರಿಸಿದರು. ಆ ವರ್ಷ ಸೋವಿಯತ್ ಒಕ್ಕೂಟ ಅದೇ ಊರಿನ ಒಲಿಂಪಿಕ್ಸನ್ನು ಬಹಿಷ್ಕರಿಸಿತ್ತು ಎನ್ನುವುದನ್ನು ಮರೆಯಬಾರದು. 2002ರಲ್ಲಿ ಜಾಗ್ರೆಬ್‌ನಲ್ಲಿ ಮತ್ತೊಮ್ಮೆ ಅದೇ ತೀರ್ಪು. 2003ರಲ್ಲಿ ಟೋಕಿಯೋದಲ್ಲಿ ಕಲಾವಿದರ ಮತ ಎಣಿಸಿದಾಗ ಮುಳ್ಳಿಲಿ ಮೊದಲು, ತೋಳ ಎರಡನೆಯದು.

ಸೋವಿಯತ್ ವ್ಯವಸ್ಥೆಯ ಬಗ್ಗೆ ನಮ್ಮಲ್ಲಿ ಎರಡು ಬಗೆಯ ಮಾತುಗಳಿವೆ. ನವಕರ್ನಾಟಕದ ಮಳಿಗೆಯಲ್ಲಿ ಕಡಿಮೆ ಬೆಲೆಗೆ ಸಿಗುತ್ತಿದ್ದ ರಷ್ಯನ್ ಮಕ್ಕಳ ಪುಸ್ತಕಗಳನ್ನು ಓದಿ ಬೆಳೆದವರು ಒಂದು ಬಗೆಯಲ್ಲಿ ಮಾತಾಡುತ್ತಾರೆ, ಸೋಲ್ಜೆನಿತ್ಸಿನ್ ಓದಿದವರು ಇನ್ನೊಂದು ಬಗೆಯಲ್ಲಿ. ನಾರ್ಷ್ಟೇನರ ಬದುಕು ಇಬ್ಬರಿಗೂ ಅನುಕೂಲವಾಗಿ ಒದಗುವುದಿಲ್ಲ. ಕತ್ತರಿ ಹಿಡಿದು ಕೂತಿದ್ದ ಕಲಾಮಂಡಳಿ, ಹೆಸರು ಬದಲಿಸು ಎನ್ನುವ ಇಲಾಖೆ, ಅರ್ಥವೇನು ಎಂದು ಕೇಳುವ ಅಧಿಕಾರಿ, ಇವರೆಲ್ಲ ಇದ್ದ ಕಟ್ಟಡವೇ ಟಿಕೆಟ್ ಮಾರಾಟದ ಲೆಕ್ಕ ಕೇಳದೆ ಹತ್ತು ನಿಮಿಷದ ಚಿತ್ರಕ್ಕೆ ತಿಂಗಳುಗಟ್ಟಲೆ ಸಂಬಳವನ್ನೂ ಕೊಟ್ಟಿತು. ಕಾಟ ಕೊಟ್ಟ ಕೈ, ಊಟ ಹಾಕಿದ ಕೈ ಒಂದೇ. ಇದು ನ್ಯಾಯವಾದ ವ್ಯವಸ್ಥೆ ಎಂದು ನಾನು ಹೇಳುತ್ತಿಲ್ಲ. ಒಬ್ಬ ನಾರ್ಷ್ಟೇನರ ಹಿಂದೆ ಕತ್ತರಿಗೆ ಸಿಕ್ಕಿ ಮಾಯವಾದವರೂ ಇದ್ದಾರು. ಆದರೆ ಮಂಜನ್ನು ಚೌಕಟ್ಟು ಚೌಕಟ್ಟಾಗಿ ಎತ್ತುವ ಕೆಲಸಕ್ಕೆ ಮಾರುಕಟ್ಟೆ ಯಾವ ದೇಶದಲ್ಲೂ ಹೀಗೆ ಹಣ ಹೂಡಿದ್ದನ್ನು ನಾನು ಕಾಣೆ. ನಮ್ಮ ಫಿಲ್ಮ್ಸ್ ಡಿವಿಷನ್ನಿನ ಕಾರ್ಟೂನ್ ಘಟಕವನ್ನೇ ನೋಡಿ. ಡಿಸ್ನಿಯಲ್ಲಿ ದುಡಿದಿದ್ದ ಕ್ಲೇರ್ ವೀಕ್ಸ್ ಬಂದು ತರಬೇತಿ ಕೊಟ್ಟು, 1957ರಲ್ಲಿ ಜಾತಕ ಕಥೆಯ 'ಬ್ಯಾನಿಯನ್ ಡೀರ್' ಬಂತು. ರಾಮ್ ಮೋಹನ್, ಭೀಮ್‌ಸೇನ್ ಮುಂತಾದವರು ಕೈ ಪಳಗಿಸಿಕೊಂಡದ್ದು ಅಲ್ಲಿಯ ಸರ್ಕಾರಿ ಸಂಬಳದಲ್ಲಿ.

ಸಂಬಳ ಕೊಡುವವರು ಒಂದು ದಿನ ಲೆಕ್ಕ ಕೇಳುತ್ತಾರೆ. 1981ರಲ್ಲಿ ನಾರ್ಷ್ಟೇನ್ ಗೊಗೊಲ್‌ನ 'ಓವರ್‌ಕೋಟ್' ಕೈಗೆತ್ತಿಕೊಂಡರು. ಕಪ್ಪು ಬಿಳುಪು. ಪೀಟರ್ಸ್‌ಬರ್ಗಿನ ಬಡ ಗುಮಾಸ್ತ ಅಕಾಕಿ, ಕಚೇರಿಯ ಕಾಗದಗಳನ್ನು ನಕಲು ಮಾಡುವುದೇ ಅವನ ಉದ್ಯೋಗ, ಅದೇ ಸುಖ. ತೆಗೆದಿರುವ ಭಾಗದಲ್ಲಿ ಅವನು ಮನೆಗೆ ಬರುತ್ತಾನೆ, ಹರಕು ಕೋಟು ಕಳಚುತ್ತಾನೆ, ಮೋಂಬತ್ತಿಯ ಬೆಳಕಿನಲ್ಲಿ ಅಕ್ಷರ ಬರೆಯುತ್ತಾನೆ. ತುಟಿ ಅಕ್ಷರದ ಜೊತೆ ಅಲುಗುತ್ತದೆ, ಹುಬ್ಬು ಅಕ್ಷರದ ಕೊಂಬಿನ ಜೊತೆ ಏರುತ್ತದೆ. ಅವನ ಮುಖವೊಂದಕ್ಕೇ ಲೆಕ್ಕವಿಲ್ಲದಷ್ಟು ಚೂರು, ಹುಬ್ಬಿಗೆ, ರೆಪ್ಪೆಗೆ, ಕೆನ್ನೆಯ ಸುಕ್ಕಿಗೆ ಬೇರೆ ಬೇರೆ. ಮೂರೇ ಜನ ಕೂತು ಎರಡು ವರ್ಷದಲ್ಲಿ ಹತ್ತು ನಿಮಿಷ ತೆಗೆದರು. ಸ್ಟುಡಿಯೋ ತಾಳ್ಮೆ ಕಳೆದುಕೊಂಡಿತು. ಎಂಬತ್ತರ ದಶಕದ ನಡುವಿನಲ್ಲಿ, ಕೆಲಸ ತೀರಾ ನಿಧಾನವೆಂಬ ಕಾರಣಕ್ಕೆ, ಅವರನ್ನು ಹೊರಹಾಕಿತು.

ಇಂಥ ಪ್ರಸಂಗಕ್ಕೆ ನಾವು ದೂರ ಹೋಗಬೇಕಾಗಿಲ್ಲ. ಕೆ. ವೆಂಕಟಪ್ಪನವರು ನಮ್ಮ ಅರಮನೆಯ ಆಶ್ರಯದಲ್ಲಿ ಕಲ್ಕತ್ತಕ್ಕೆ ಹೋಗಿ ಅವನೀಂದ್ರನಾಥ ಟ್ಯಾಗೋರರ ಬಳಿ ಕಲಿತವರು, ಅಂಬಾವಿಲಾಸಕ್ಕಾಗಿ ಪ್ಲಾಸ್ಟರಿನ ಉಬ್ಬುಶಿಲ್ಪಗಳನ್ನು ಮಾಡುತ್ತಿದ್ದವರು. ತೃಪ್ತಿಯಾಗುವವರೆಗೆ ಕೆಲಸ ಕೈಬಿಡದ ಸ್ವಭಾವ. 1940ರಲ್ಲಿ ದೊರೆ ನಾಲ್ವಡಿಯವರು ತೀರಿಕೊಂಡರು, ಅರಮನೆಯ ಕೆಲಸ ನಿಂತಿತು, ಮಾಡಿದ ಕೆಲಸದ ಹಣದ ವಿಷಯ ನ್ಯಾಯಾಲಯದ ಮೆಟ್ಟಿಲೇರಿತು. ಅವರು ಬೆಂಗಳೂರಿನಲ್ಲಿ ಒಂಟಿಯಾಗಿ ಬದುಕಿ 1965ರಲ್ಲಿ ತೀರಿಕೊಂಡರು. ಒಬ್ಬ ದೊರೆಯ ಮನಸ್ಸಿನಲ್ಲಿದ್ದ ಒಪ್ಪಂದ ಖಜಾನೆಯ ಕಡತದಲ್ಲಿ ಇರುವುದಿಲ್ಲ. ಸೋವಿಯತ್ ಸ್ಟುಡಿಯೋದಲ್ಲೂ ಅದೇ ಆಯಿತು: ನಾರ್ಷ್ಟೇನರ ನಿಧಾನವನ್ನು ಸಹಿಸಿದವರು ಇದ್ದರು, ಆ ನಿಧಾನಕ್ಕೆ ನಿಯಮವಿರಲಿಲ್ಲ.

ಇಲ್ಲಿ ಅಭಿಮಾನಿಗಳಿಗೆ ಹಿತವಾಗದ ಒಂದು ಮಾತನ್ನೂ ಹೇಳಬೇಕು. 'ಓವರ್‌ಕೋಟ್' ಮುಗಿಯದಿರುವುದಕ್ಕೆ ಸ್ಟುಡಿಯೋವೊಂದನ್ನೇ ದೂರಿದರೆ ಸಾಲದು. ಹೊರಬಂದ ಮೇಲೆ ಅವರಿಗೆ ಸ್ವಂತ ಕಾರ್ಯಾಗಾರವಿತ್ತು, ಲೋಕದ ಎಲ್ಲೆಡೆ ಗೌರವವಿತ್ತು, ಅಲ್ಲಿ ಇಲ್ಲಿ ಹಣವೂ ಬಂತು. 2004ರ ಹೊತ್ತಿಗೆ ಆಗಿದ್ದದ್ದು 25 ನಿಮಿಷ, ಅಂದುಕೊಂಡದ್ದು 65. ನಡುವೆ 1999ರಲ್ಲಿ ಜುಕೋವ್ಸ್ಕಿ ತೀರಿಕೊಂಡರು. ಇಪ್ಪತ್ತು ವರ್ಷ ಪಕ್ಕದಲ್ಲಿ ನಿಂತ ಕ್ಯಾಮೆರಾದವನಿಲ್ಲದೆ ಕೆಲಸ ಮುಂದೆ ಸಾಗುವುದು ಕಷ್ಟ, ನಿಜ. ಆದರೂ ಕತ್ತರಿ ಹಿಡಿದು ಕೂತ ಮಂಡಳಿಯ ಮುಂದೆ 'ಕಥೆಗಳ ಕಥೆ' ಮುಗಿಯಿತು, ಯಾರೂ ಲೆಕ್ಕ ಕೇಳದ ಕೋಣೆಯಲ್ಲಿ 'ಓವರ್‌ಕೋಟ್' ಮುಗಿಯಲಿಲ್ಲ. ಗಡುವು ಕಲೆಗೆ ಶತ್ರು ಎಂದು ನಾವು ಬಲು ಬೇಗ ಒಪ್ಪಿಕೊಂಡುಬಿಡುತ್ತೇವೆ. ಲಕ್ಷ್ಮಣ್ ಅವರ ಸಂಜೆಯ ಗಡುವನ್ನು ಆಗ ಹೇಳಿದ್ದು ಇದಕ್ಕೇ.

ಈ ಖಾಲಿ ವರ್ಷಗಳು ಪೂರ್ತಿ ಖಾಲಿಯಲ್ಲ. 1993ರಲ್ಲಿ ಫ್ಯೋದರ್ ಖಿತ್ರುಕ್, ಆಂದ್ರೇಯ್ ಖ್ರ್ಝನೊವ್ಸ್ಕಿ, ಎದುವರ್ದ್ ನಜಾರೊವ್ ಅವರೊಂದಿಗೆ 'ಶಾರ್' ಎಂಬ ಅನಿಮೇಷನ್ ಶಾಲೆ ಮತ್ತು ಸ್ಟುಡಿಯೋ ಕಟ್ಟಿದರು. ಸಕ್ಕರೆಯ ಜಾಹೀರಾತು ಮಾಡಿದರು. ಮಲಗುವ ಹೊತ್ತಿಗೆ ಮಕ್ಕಳು ನೋಡುವ ರಷ್ಯದ ಟಿವಿ ಕಾರ್ಯಕ್ರಮಕ್ಕೆ ಮೊದಲು ಕೊನೆಯ ತುಣುಕುಗಳನ್ನು ಮಾಡಿಕೊಟ್ಟರು. ಪಾಠಗಳಿಂದ ಬೆಳೆದ 'ಹುಲ್ಲಿನ ಮೇಲೆ ಹಿಮ' ಎಂಬ ಪುಸ್ತಕ 2008ರಲ್ಲಿ ಎರಡು ಸಂಪುಟಗಳಲ್ಲಿ ಬಂತು. ಅದರಲ್ಲಿ ಅವರ ಓದು, ಚಿತ್ರಕಲೆಯ ನೋಟ, ಒಂದು ದೃಶ್ಯ ಹೇಗೆ ಹುಟ್ಟುತ್ತದೆಂಬ ವಿವರ ಎಲ್ಲ ಇದೆ. ಸಿನಿಮಾದಲ್ಲಿ ಜಿಪುಣನಾದ ಮನುಷ್ಯ ಬರಹದಲ್ಲಿ ಧಾರಾಳಿ. ಅತ್ತ ಮುಳ್ಳಿಲಿ ತನ್ನ ಪಾಡಿಗೆ ಓಡಾಡುತ್ತಿತ್ತು: 2009ರಲ್ಲಿ ಕೀವ್ ನಗರದ ಬೀದಿಯಲ್ಲಿ ಅದರದೊಂದು ಪ್ರತಿಮೆ ನಿಂತಿತು, 2014ರ ಸೋಚಿ ಒಲಿಂಪಿಕ್ಸಿನ ಉದ್ಘಾಟನೆಯಲ್ಲಿ ರಷ್ಯನ್ ವರ್ಣಮಾಲೆಯ ಒಂದು ಅಕ್ಷರಕ್ಕೆ ಅದೇ ಚಿತ್ರವಾಯಿತು.

ಇನ್ನು ಜಪಾನಿನ ಮಾತು ಉಳಿದಿದೆ. ಅಲ್ಲಿನ ಗೊಂಬೆ ಅನಿಮೇಷನ್ ಗುರು ಕಿಹಾಚಿರೊ ಕಾವಾಮೊಟೊ 2003ರಲ್ಲಿ 'ಚಳಿಗಾಲದ ದಿನಗಳು' ಎಂಬ ಚಿತ್ರ ಕೂಡಿಸಿದರು. ಬಾಶೋ ಮತ್ತು ಅವನ ಗೆಳೆಯರು ಸೇರಿ ಕಟ್ಟಿದ 36 ಪದ್ಯಗಳ ಸರಪಣಿ ಅದು. ಒಂದೊಂದು ಪದ್ಯಕ್ಕೆ ಒಬ್ಬೊಬ್ಬ ಕಲಾವಿದ, ಹಲವು ದೇಶದವರು. ಬಾಶೋನ ಮೊದಲ ಪದ್ಯವನ್ನು ಕಾವಾಮೊಟೊ ನಾರ್ಷ್ಟೇನ್‌ಗೆ ಕೊಟ್ಟರು. ಗಾಳಿ ಬೀಸುತ್ತಿದೆ, ಎಲೆ ಹಾರುತ್ತಿದೆ. ಹರಕು ಬಟ್ಟೆಯ ಕವಿ, ಇನ್ನೂ ಹರಕು ಬಟ್ಟೆಯ ಒಬ್ಬ ಹಾಸ್ಯಗಾರ ವೈದ್ಯ ದಾರಿಯಲ್ಲಿ ಎದುರಾಗುತ್ತಾರೆ. ಒಬ್ಬರ ತೂತನ್ನು ನೋಡಿ ಒಬ್ಬರು ನಗುತ್ತಾರೆ. ಬೇರೆಯವರ ಹಣ, ಬೇರೆಯವರ ಯೋಜನೆ, ಹಿಂದೆ ಸಾಲಾಗಿ ನಿಂತ ಇತರ ಕಲಾವಿದರು, ಕೆಲವೇ ನಿಮಿಷ. ಹರಕು ಬಟ್ಟೆಯ ಬಡವನನ್ನು ಇಪ್ಪತ್ತು ವರ್ಷ ಮೇಜಿನ ಮೇಲಿಟ್ಟುಕೊಂಡು ಮುಗಿಸಲಾರದೆ ಹೋದವರು ಈ ಇಬ್ಬರು ಹರಕು ಬಟ್ಟೆಯವರನ್ನು ಮುಗಿಸಿ ಕೊಟ್ಟರು. ಸಭೆ ಮುಗಿದ ಮೇಲೆ ಮುಳ್ಳಿಲಿಯ ಚಿತ್ರದ ಜೊತೆ ಆ ತುಣುಕನ್ನೂ ತೋರಿಸುವ ಏರ್ಪಾಡಿದೆ. ಅವಸರವಿಲ್ಲದವರು ಕೂತು ನೋಡಿ.